ರಾತ್ರಿ ಬೀಗದ ಕೀ ಯಾರ ಹತ್ರ ಇರುತ್ತೆ?

ಪ್ರಶ್ನೆ: ಸರ್, ದಾವಣಗೆರೆಯ ಒಂದು ಸರ್ಕಾರಿ ಆಫೀಸಿನ ಕಾಂಪೌಂಡ್ ಒಳಗೆ 14 ವರ್ಷದಿಂದ ಚಾ, ಮಂಡಕ್ಕಿ, ಮಿರ್ಚಿ ಅಂಗಡಿ ನಡಸ್ತಾ ಇದೀನಿ. 11 ತಿಂಗಳ ಲೈಸೆನ್ಸ್ ಅಗ್ರಿಮೆಂಟು, ಪ್ರತಿ ಸಲ ರಿನ್ಯೂ ಆಗ್ತಿತ್ತು, ಎರಡು ವರ್ಷದ ಹಿಂದೆ ಮುಗಿದಿದ್ದು ಮತ್ತೆ ಮಾಡ್ಲೇ ಇಲ್ಲ, ಆದ್ರೆ ತಿಂಗಳ ಫೀಸ್ ಮಾತ್ರ ಚಲನ್‌ನಲ್ಲಿ ಕಟ್ಟಿಸ್ಕೊಳ್ತಾನೇ ಇದಾರೆ. ಒಲೆ ಇಡಾಕೆ ಅಂತ ಕಡಪ ಕಲ್ಲು ಹಾಕಿ ಕಟ್ಟೆ ಕಟ್ಟಿಸಿದೀನಿ, ಆಗಿನ ಸಾಹೇಬ್ರು ಬಾಯಲ್ಲೇ ಹೂಂ ಅಂದಿದ್ರು. ರಾತ್ರಿ ಎಂಟಕ್ಕೆ ಬಾಗಿಲು ಹಾಕಿ ಕೀ ವಾಚ್‌ಮನ್ ಕೈಗೆ ಕೊಟ್ಟು ಮನೆಗೆ ಹೋಗ್ತೀನಿ. ಈಗ ನೋಡಿದ್ರೆ ಮೂರು ದಿನದಲ್ಲಿ ಖಾಲಿ ಮಾಡಿ, ಇಲ್ಲಾಂದ್ರೆ ಬೀಗ ಹಾಕ್ತೀವಿ ಅಂತ ಲೆಟರ್ ಕೊಟ್ಟಾರೆ. ಬೀದಿ ವ್ಯಾಪಾರಿ ಕಾನೂನಲ್ಲಿ ಎಬ್ಬಿಸಂಗಿಲ್ಲ ಅಂತ ಒಬ್ಬರು, ಸಿವಿಲ್ ಕೋರ್ಟಿಂದ ಸ್ಟೇ ತನ್ನಿ ಅಂತ ಇನ್ನೊಬ್ಬರು. ಇಷ್ಟು ವರ್ಷ ದುಡ್ಡು ಕಟ್ಟಿದ ನಾನು ಬಾಡಿಗೆದಾರ ಅಲ್ವಾ ಸರ್?

ಉತ್ತರ: ಅಲ್ಲ ಸ್ವಾಮಿ, ಬೇಜಾರಾದ್ರೂ ಮೊದಲೇ ಹೇಳಿಬಿಡ್ತೀನಿ. ಅಗ್ರಿಮೆಂಟಿಗೆ ಲೈಸೆನ್ಸ್, ಅಂದ್ರೆ ಬಾಡಿಗೆ ಹಕ್ಕಿಲ್ಲದ ಬರೀ ಅನುಮತಿ, ಅಂತ ಹೆಸರಿಟ್ಟ ಮಾತ್ರಕ್ಕೆ ಅದು ಲೈಸೆನ್ಸ್ ಆಗಲ್ಲ, ಒಳಗಿನ ತಿರುಳು ನೋಡಬೇಕು ಅಂತ ಸುಪ್ರೀಂ ಕೋರ್ಟ್ 1959ರಲ್ಲೇ ಹೇಳಿದೆ, ಜಾಗ ಪೂರ್ತಿ ನಿಮ್ಮ ಸ್ವಾಧೀನದಲ್ಲಿತ್ತಾ ಅನ್ನೋದು ಅದರಲ್ಲಿ ದೊಡ್ಡ ಪ್ರಶ್ನೆ, ಆದ್ರೆ ನಿಮ್ಮ ಕೇಸಲ್ಲಿ ದಿನಾ ರಾತ್ರಿ ಕೀ ವಾಚ್‌ಮನ್ ಜೇಬಲ್ಲಿ ಮಲಗುತ್ತಲ್ಲ, ಅದೇ ನಿಮಗೆ ಮುಳುವು. ಬರೀ ವ್ಯಾಪಾರ ಮಾಡ್ಕೊಳ್ಳೋಕೆ ಅನುಮತಿ ಇತ್ತು, ಜಾಗದ ಮೇಲೆ ಹಕ್ಕು ಹುಟ್ಟಲಿಲ್ಲ. ಅವಧಿ ಮುಗಿದ ಮೇಲೂ ಫೀಸ್ ತಗೊಂಡ್ರು ಅಂದ ತಕ್ಷಣ ಲೈಸೆನ್ಸ್ ತಾನಾಗೇ ರಿನ್ಯೂ ಆಗೋದೂ ಇಲ್ಲ.

ಹಂಗಂತ ಮೂರು ದಿನದ ಲೆಟರ್ ಕೊಟ್ಟು ಬೀಗ ಜಡಿಯೋ ಹಾಗೂ ಇಲ್ಲ. ನೀವು ಹಿಡ್ಕೋಬೇಕಾದ ಎಳೆ ಇದು. ಸರ್ಕಾರಿ ಜಾಗದಿಂದ ಎಬ್ಬಿಸೋಕೆ ಕರ್ನಾಟಕದ್ದೇ ಪಬ್ಲಿಕ್ ಪ್ರಿಮೈಸಸ್ ಕಾಯ್ದೆ ಇದೆ, 1974ರದ್ದು. ಸಕ್ಷಮ ಅಧಿಕಾರಿ ಅಂತ ನೇಮಕ ಆದವರು ಕಾರಣ ಬರೆದು ನೋಟಿಸ್ ಕೊಡಬೇಕು, ನಿಮ್ಮ ಮಾತು ಕೇಳಬೇಕು, ಆಮೇಲೆ ಲಿಖಿತ ಆರ್ಡರ್ ಮಾಡಬೇಕು. ಆರ್ಡರ್ ಆದ್ರೆ ಅಪೀಲು ಜಿಲ್ಲಾ ನ್ಯಾಯಾಧೀಶರ ಮುಂದೆ, ಅದಕ್ಕೂ ಗಡುವು ಚಿಕ್ಕದು, ಕಾಗದ ಕೈಗೆ ಬಂದ ದಿನವೇ ವಕೀಲರನ್ನ ನೋಡಿ (ರೈಲ್ವೆ ಸ್ಟಾಲ್‌ನವರಿಗೆ ಅನ್ವಯಿಸೋ 1971ರ ಕೇಂದ್ರ ಕಾಯ್ದೆಯಲ್ಲಂತೂ ಬರೀ 12 ದಿನ). ನಿಮಗೆ ಬಂದಿರೋ ಲೆಟರ್‌ನಲ್ಲಿ ಈ ಕಾಯ್ದೆ ಹೆಸರು ಇದೆಯಾ, ಸಹಿ ಯಾರದು ನೋಡಿ. ಆಫೀಸ್ ಮ್ಯಾನೇಜರ್ ಸಹಿ ಹಾಕಿದ ಸಾದಾ ಕಾಗದ ಆಗಿದ್ರೆ ಅದನ್ನೇ ಆಕ್ಷೇಪಣೆಯಲ್ಲಿ ಬರೆದು ಟಪಾಲು ಸೆಕ್ಷನ್‌ಗೆ ಕೊಟ್ಟು, ಜೆರಾಕ್ಸ್ ಮೇಲೆ ಸೀಲು ಹಾಕಿಸ್ಕೊಳ್ಳಿ, ಬಾಯಲ್ಲಿ ಜಗಳ ಆಡಿ ಬಂದ್ರೆ ಫೈಲಲ್ಲಿ ಏನೂ ಉಳಿಯಲ್ಲ.

ಈ ಕಾಯ್ದೆ ಅಡಿ ಬರೋ ವಿಷಯಕ್ಕೆ ಸಿವಿಲ್ ಕೋರ್ಟು ಕೈ ಹಾಕಂಗಿಲ್ಲ, ಹಾಗಾಗಿ ಆ ಸ್ಟೇ ಸಲಹೆ ಬಿಡಿ. ಯಾವ ಪ್ರೊಸೀಜರೂ ಇಲ್ದೆ ಬೀಗ ಹಾಕೋಕೆ ಬಂದ್ರೆ ಹೈಕೋರ್ಟಲ್ಲಿ ರಿಟ್, ಅಂದ್ರೆ ಅಧಿಕಾರಿಗಳು ಕಾನೂನು ಮೀರಿದ್ದನ್ನ ತಡೀರಿ ಅಂತ ನೇರವಾಗಿ ಹಾಕೋ ಅರ್ಜಿ. ಹತ್ರ ಅಂತ ಧಾರವಾಡದ ಬಸ್ ಹತ್ತಬೇಡಿ ಮತ್ತೆ, ದಾವಣಗೆರೆ ಬರೋದು ಬೆಂಗಳೂರು ಪೀಠಕ್ಕೆ. ಬೀದಿ ವ್ಯಾಪಾರಿಗಳ 2014ರ ಕಾಯ್ದೆಯಲ್ಲಿ 30 ದಿನದ ನೋಟಿಸ್ ಇರೋದು ನಿಜ, ಆದ್ರೆ ಅದು ತಳ್ಳುಗಾಡಿ, ಫುಟ್‌ಪಾತ್‌ನವರನ್ನ ಮನಸಲ್ಲಿಟ್ಟು ಮಾಡಿದ್ದು, ಆಫೀಸ್ ಕಾಂಪೌಂಡ್ ಒಳಗೆ ಲೈಸೆನ್ಸ್ ಮೇಲಿದ್ದ ನಿಮಗೆ ಅದು ಆಸರೆ ಆಗೋದು ಕಷ್ಟ.

ಇನ್ನು ಕಟ್ಟೆ. 1882ರ ಈಸ್‌ಮೆಂಟ್ಸ್ ಕಾಯ್ದೆಯಲ್ಲಿ, ಲೈಸೆನ್ಸ್ ನಂಬಿ ಶಾಶ್ವತ ಕೆಲಸ ಮಾಡಿ ಖರ್ಚು ಹಾಕಿದ್ರೆ ಲೈಸೆನ್ಸ್ ರದ್ದು ಮಾಡೋ ಹಾಗಿಲ್ಲ ಅಂತ 60ನೇ ಸೆಕ್ಷನ್ ಇದೆ, ಆದ್ರೆ ಎರಡು ಅಡಿ ಕಟ್ಟೆ ತೋರಿಸಿ, ಅದೂ ಬಾಯಿಮಾತಿನ ಹೂಂ ಮೇಲೆ, ಅವಧಿ ಬೇರೆ ಮುಗಿದಿರುವಾಗ ಅದನ್ನ ಗೆಲ್ತೀನಿ ಅನ್ನೋದು ಆಸೆ ಅಷ್ಟೇ. 63ನೇ ಸೆಕ್ಷನ್ ಕೇಳಿ, ಸಾಮಾನು ಸಾಗಿಸೋಕೆ ನ್ಯಾಯವಾದ ಟೈಮು ಅಂತ, ಅದು ನಿಮಗೆ ಸಿಗಬೇಕಾದ್ದೇ. ಅಷ್ಟರೊಳಗೆ ಬಾಣಲೆ, ಸಿಲಿಂಡರ್, ಮಂಡಕ್ಕಿ ಚೀಲ ಎಲ್ಲದರ ಫೋಟೋ ತೆಗೆದಿಟ್ಕೊಳ್ಳಿ, ಬೀಗ ಬಿದ್ದೇ ಬಿಟ್ರೆ ಒಳಗೆ ಏನೇನಿದೆ ಅಂತ ಮಹಜರು ಆಗೋವರೆಗೂ ಅಲ್ಲಿಂದ ಕದಲಬೇಡಿ. ಎರಡು ವರ್ಷದ ಚಲನ್‌ಗಳನ್ನೂ ಮೊದಲು ಕಟ್ಟಿದ ಡಿಪಾಸಿಟ್ ರಸೀದಿಯನ್ನೂ ಇವತ್ತೇ ಜೆರಾಕ್ಸ್ ಮಾಡಿಸಿ, ಡಿಪಾಸಿಟ್ ವಾಪಸ್ ಕೇಳುವಾಗ ಅಲ್ಲಿ ಹಳೇ ಗುಮಾಸ್ತರು ಯಾರೂ ಇರಲ್ಲ.