ಕಾಲೇಜ್ ಗೇಮ್‌ಡೇ ಅನ್ನೋ ಅಮೆರಿಕದ ಟಿವಿ ಕಾರ್ಯಕ್ರಮ ಯಾವ ಊರಿಗೆ ಹೋದರೂ ವಾಷಿಂಗ್ಟನ್ ಸ್ಟೇಟ್ ವಿಶ್ವವಿದ್ಯಾಲಯದ ಅದೇ ಕಡುಗೆಂಪು ಬಾವುಟ ಹೇಗೆ ಕಾಣಿಸುತ್ತದೆ?

ಯಾರೋ ಒಬ್ಬರೇ ಅದನ್ನು ಹೊತ್ತು ತಿರುಗುವುದಿಲ್ಲ. ಬಾವುಟ ಕೊರಿಯರ್‌ನಲ್ಲಿ ಹೋಗುತ್ತದೆ, ಹಿಡಿಯುವ ಕೈ ಬದಲಾಗುತ್ತದೆ.

ಕಾಲೇಜ್ ಗೇಮ್‌ಡೇ ಅಂದರೆ ಅಮೆರಿಕದ ಕಾಲೇಜು ಫುಟ್‌ಬಾಲ್ ಪಂದ್ಯಗಳಿಗೆ ಮುಂಚೆ, ಶನಿವಾರ ಬೆಳಿಗ್ಗೆ ಇಎಸ್‌ಪಿಎನ್ ಕ್ರೀಡಾ ಚಾನೆಲ್‌ನಲ್ಲಿ ಬರುವ ನೇರಪ್ರಸಾರ. 1993ರಲ್ಲಿ ಮೊದಲ ಸಲ ಸ್ಟುಡಿಯೋ ಬಿಟ್ಟು ನೋಟರ್ ಡೇಮ್ ವಿಶ್ವವಿದ್ಯಾಲಯಕ್ಕೆ ಹೋಯಿತು. ಈಗ ವಾರಕ್ಕೊಂದು ಕ್ಯಾಂಪಸ್. ಮುಂದಿನ ಊರು ಯಾವುದು ಅಂತ ಸಾಮಾನ್ಯವಾಗಿ ಒಂದು ವಾರ ಮುಂಚೆಯಷ್ಟೇ ಗೊತ್ತಾಗುತ್ತದೆ. ಒಬ್ಬರೇ ಪ್ರತಿ ವಾರ ರಜೆ ಹಾಕಿ ಓಡುವುದು ಕಷ್ಟ, ಅಲ್ವಾ?

ಆದರೆ ವಾಷಿಂಗ್ಟನ್ ಸ್ಟೇಟ್‌ನ ಹಳೇ ವಿದ್ಯಾರ್ಥಿಗಳು ದೇಶದ ತುಂಬಾ ಇದ್ದಾರೆ. ಆ ಊರಿಗೆ ಹತ್ತಿರ ಇರುವವರಿಗೆ ಬಾವುಟ ತಲುಪುತ್ತದೆ. ಅವರು ಬೆಳಿಗ್ಗೆ ಬೇಗ ಹೋಗಿ ಉದ್ದ ಕೋಲಿಗೆ ಕಟ್ಟಿ, ನಿರೂಪಕರ ಹಿಂದಿನ ಗುಂಪಿನಲ್ಲಿ ನಿಂತು ಬೀಸುತ್ತಾರೆ. ಸುತ್ತ ಬೇರೆ ಕಾಲೇಜಿನವರೇ ಜಾಸ್ತಿ. ಆದರೂ ಅವರ ಕೈಬರಹದ ಬೋರ್ಡುಗಳಿಗಿಂತ ಎತ್ತರದಲ್ಲಿ, ಬಾವುಟದ ಮೇಲಿನ ಕೂಗರ್ (ಕಾಡುಬೆಕ್ಕಿನ ಜಾತಿಯ ದೊಡ್ಡ ಪ್ರಾಣಿ, ವಿಶ್ವವಿದ್ಯಾಲಯದ ಲಾಂಛನ) ಮುಖ ಎದ್ದು ಕಾಣುತ್ತದೆ.

ಇದು 2003ರಲ್ಲಿ ಟೆಕ್ಸಾಸ್‌ನ ಆಸ್ಟಿನ್‌ನಲ್ಲಿ ಶುರುವಾಯಿತು. ಆಸೆ ಒಂದೇ, ಕಾರ್ಯಕ್ರಮ ತಮ್ಮ ವಿಶ್ವವಿದ್ಯಾಲಯ ಇರುವ ಪುಲ್‌ಮನ್ ಊರಿಗೂ ಬರಲಿ ಅಂತ. ಅದು ಬಂದದ್ದು 2018ರ ಅಕ್ಟೋಬರ್‌ನಲ್ಲಿ, ಹದಿನೈದು ವರ್ಷ ಕಾದ ಮೇಲೆ.