ಟರ್ಮಿನಲ್‌ನಲ್ಲಿ ಉದ್ದುದ್ದ ಪಾತ್: ಎಷ್ಟು ಮೊಟಕು ಮಾಡಬೇಕು?

ಪ್ರಶ್ನೆ: ಉಬುಂಟು ಲಿನಕ್ಸ್‌ನಲ್ಲಿ ಬ್ಯಾಶ್ (ಟರ್ಮಿನಲ್‌ನಲ್ಲಿ ಕೊಟ್ಟ ಕಮಾಂಡ್ ನಡೆಸುವ ಪ್ರೋಗ್ರಾಂ, ಅಂದರೆ ಶೆಲ್) ಬಳಸುತ್ತೇನೆ. ಫೋಲ್ಡರ್ ಒಳಗೆ ಫೋಲ್ಡರ್ ಹೋಗಿ ಹೋಗಿ ಕಮಾಂಡ್ ಬರೆಯುವ ಜಾಗಕ್ಕೆ ಮೊದಲು ಕಾಣುವ ಪ್ರಾಂಪ್ಟೇ ಅರ್ಧ ಸಾಲು ತಿಂದುಬಿಡುತ್ತದೆ. ಪ್ರಾಂಪ್ಟಿಗೆ ನಾನೇ ಬಣ್ಣ ಹಾಕಿಕೊಂಡಿದ್ದೇನೆ. ಕಮಾಂಡ್ ಉದ್ದವಾದರೆ ಕೆಳಗಿನ ಸಾಲಿಗೆ ಇಳಿಯದೆ ಅದೇ ಸಾಲಿನ ಮೇಲೆ ಬಂದು ಕೂರುತ್ತದೆ. ಕೊನೆಯ ಫೋಲ್ಡರ್ ಹೆಸರಷ್ಟೇ ಕಾಣುವಂತೆ ಮಾಡುವುದು ಹೇಗೆ?

ಉತ್ತರ: ಮೊದಲು ನೀವು ಕೇಳಿದ್ದು. ಬ್ಯಾಶ್ ಪ್ರಾಂಪ್ಟ್ ಹೇಗಿರಬೇಕು ಅನ್ನುವುದು ಪಿಎಸ್1 ಎಂಬ ವೇರಿಯಬಲ್‌ನಲ್ಲಿರುತ್ತದೆ. ಅದರಲ್ಲಿ ಬ್ಯಾಕ್‌ಸ್ಲ್ಯಾಷ್ ಜೊತೆ ಸಣ್ಣ ಡಬ್ಲ್ಯೂ ಇದ್ದರೆ ಇಡೀ ಪಾತ್, ಅಂದರೆ ನೀವಿರುವ ಫೋಲ್ಡರ್‌ನ ಪೂರ್ತಿ ವಿಳಾಸ, ಕಾಣುತ್ತದೆ. ಅದನ್ನು ದೊಡ್ಡ ಡಬ್ಲ್ಯೂ ಮಾಡಿದರೆ ಕೊನೆಯ ಹೆಸರು ಮಾತ್ರ ಉಳಿಯುತ್ತದೆ.

ಆದರೆ ಹಾಗೆ ಮಾಡಬೇಡಿ ಅಂತಲೇ ನನ್ನ ಸಲಹೆ. ಎರಡು ಪ್ರಾಜೆಕ್ಟ್ ಇದ್ದರೆ ಎರಡರಲ್ಲೂ 'ಟೆಸ್ಟ್' ಅನ್ನೋ ಫೋಲ್ಡರ್ ಇರುತ್ತದೆ ಅಲ್ವಾ? ಪ್ರಾಂಪ್ಟ್‌ನಲ್ಲಿ ಬರೀ 'ಟೆಸ್ಟ್' ಕಂಡರೆ ಯಾವುದರೊಳಗೆ ಇದ್ದೀರಿ ಅಂತ ಗೊತ್ತಾಗುವುದಿಲ್ಲ. ಅಳಿಸುವ ಕಮಾಂಡ್ ಕೊಟ್ಟಾಗ ಇದು ದುಬಾರಿ ಆಗುತ್ತದೆ. ಟರ್ಮಿನಲ್‌ನಲ್ಲಿ ಅಳಿಸಿದ್ದು ಕಸದ ಬುಟ್ಟಿಗೆ ಹೋಗುವುದಿಲ್ಲ, ನೇರ ಹೋಗಿಬಿಡುತ್ತದೆ. ಕನಿಷ್ಠ ಎರಡು ಹಂತವಾದರೂ ಕಣ್ಣಿಗೆ ಬೀಳಲಿ.

ಇದಕ್ಕೆ ಬ್ಯಾಶ್‌ನಲ್ಲೇ ವ್ಯವಸ್ಥೆ ಇದೆ, 4ನೇ ಆವೃತ್ತಿಯಿಂದ. ಹೆಸರು ಪ್ರಾಂಪ್ಟ್_ಡಿಐಆರ್‌ಟ್ರಿಮ್. ಇಂಗ್ಲಿಷ್‌ನಲ್ಲಿ PROMPT_DIRTRIM, ಎಲ್ಲವೂ ದೊಡ್ಡಕ್ಷರ, ನಡುವೆ ಒಂದೇ ಅಂಡರ್‌ಸ್ಕೋರ್. ಅದರ ಮುಂದೆ =2 ಅಂತ ಬರೆದು ಎಂಟರ್ ಒತ್ತಿ. ಈಕ್ವಲ್ ಚಿಹ್ನೆಯ ಆಚೀಚೆ ಜಾಗ ಬಿಡಬಾರದು. ಆಗ

~/ಕೆಲಸ/ಅಂಗಡಿ/ವೆಬ್/ಪುಟಗಳು/ಚಿತ್ರ

ಇದ್ದದ್ದು

~/.../ಪುಟಗಳು/ಚಿತ್ರ

ಆಗುತ್ತದೆ. ಆ ಮೂರು ಚುಕ್ಕಿ ನನಗೆ ತುಂಬಾ ಇಷ್ಟ. ನಡುವೆ ಏನೋ ಬಿಟ್ಟುಹೋಗಿದೆ ಅಂತ ಅದು ನೆನಪಿಸುತ್ತಲೇ ಇರುತ್ತದೆ. ಎರಡು ಸಾಲದಿದ್ದರೆ 3 ಹಾಕಿ. ಪಿಎಸ್1ನಲ್ಲಿ ಸಣ್ಣ ಡಬ್ಲ್ಯೂ ಹಾಗೇ ಇರಬೇಕು. ಮೊಟಕಾಗುವುದು ತೋರಿಕೆ ಮಾತ್ರ, ಪೂರ್ತಿ ಪಾತ್ ಬೇಕೆಂದಾಗ ಪಿಡಬ್ಲ್ಯೂಡಿ (pwd) ಕಮಾಂಡ್ ಕೊಟ್ಟರಾಯಿತು.

ಹೀಗೆ ಕೊಟ್ಟದ್ದು ಆ ವಿಂಡೋ ಮುಚ್ಚುವ ತನಕ ಅಷ್ಟೇ. ಹಿಡಿಸಿದರೆ ಅದೇ ಸಾಲನ್ನು ಹೋಮ್ ಫೋಲ್ಡರ್‌ನ .ಬ್ಯಾಶ್‌ಆರ್‌ಸಿ (.bashrc) ಫೈಲಿನ ಕೊನೆಗೆ ಸೇರಿಸಿ, ಹೊಸ ಟರ್ಮಿನಲ್ ತೆರೆಯಿರಿ.

ಇನ್ನು ಸಾಲಿನ ಮೇಲೆ ಸಾಲು ಬೀಳುವ ವಿಷಯ. ಇದಕ್ಕೆ ಕಾರಣ ಪಾತ್ ಉದ್ದವಲ್ಲ, ಹೆಚ್ಚಾಗಿ ನೀವು ಹಾಕಿದ ಬಣ್ಣ. ಬಣ್ಣದ ಕೋಡ್ ಪರದೆ ಮೇಲೆ ಜಾಗ ಹಿಡಿಯುವುದಿಲ್ಲ. ಆದರೆ ಬ್ಯಾಶ್‌ಗೆ ಅದು ಗೊತ್ತಿಲ್ಲ, ಅದನ್ನೂ ಅಕ್ಷರ ಅಂತಲೇ ಎಣಿಸುತ್ತದೆ. ಹಾಗಾಗಿ ಸಾಲು ಎಲ್ಲಿ ಮುಗಿಯುತ್ತದೆ ಅನ್ನುವ ಲೆಕ್ಕ ತಪ್ಪುತ್ತದೆ. ಪ್ರತಿಯೊಂದು ಬಣ್ಣದ ಕೋಡ್‌ನ ಶುರುವಿಗೆ \[ ಮತ್ತು ಕೊನೆಗೆ \] ಹಾಕಿ. ಒಳಗಿರುವುದನ್ನು ಎಣಿಸಬೇಡ ಅಂತ ಬ್ಯಾಶ್‌ಗೆ ಹೇಳುವ ಗುರುತು ಅದು. ಬಣ್ಣ ನಿಲ್ಲಿಸುವ ಕೋಡ್‌ಗೂ ಇದು ಬೇಕು. ಬಹಳ ಜನ ಮರೆಯುವುದು ಅದನ್ನೇ. ಇದನ್ನು ಸರಿಮಾಡದೆ ಪಾತ್ ಮಾತ್ರ ಮೊಟಕು ಮಾಡಿದರೆ, ಉದ್ದದ ಕಮಾಂಡ್ ಬಂದಾಗ ಅದೇ ತೊಂದರೆ ಮತ್ತೆ ಬರುತ್ತದೆ.

ಮ್ಯಾಕ್ ಬಳಸುವವರಿಗೂ ಒಂದು ಮಾತು. ಅದರ ಜೊತೆ ಬರುವ ಬ್ಯಾಶ್ ಹಳೆಯ 3.2, ಅದರಲ್ಲಿ ಈ ಸೆಟ್ಟಿಂಗ್ ಕೆಲಸ ಮಾಡುವುದಿಲ್ಲ. 2019ರ ಕ್ಯಾಟಲಿನಾ ಆವೃತ್ತಿಯಿಂದ ಅಲ್ಲಿ ಜೆಡ್‌ಶೆಲ್ಲೇ ಡಿಫಾಲ್ಟ್. ಜೆಡ್‌ಶೆಲ್‌ನ ಪ್ರಾಂಪ್ಟ್‌ನಲ್ಲಿ %2~ ಅಂತ ಬರೆದರೆ ಕೊನೆಯ ಎರಡು ಹಂತ ಕಾಣುತ್ತವೆ, ಚುಕ್ಕಿಗಳು ಮಾತ್ರ ಬರುವುದಿಲ್ಲ. ಫಿಶ್ ಶೆಲ್‌ನಲ್ಲಿ ನೀವೇನೂ ಮಾಡಬೇಕಿಲ್ಲ. ಮೇಲಿನ ಫೋಲ್ಡರ್‌ಗಳ ಮೊದಲ ಅಕ್ಷರ ಮಾತ್ರ ಉಳಿಸಿ ಅದೇ ಚಿಕ್ಕದು ಮಾಡುತ್ತದೆ.