ಅಂಕ ಹಾಕುವುದು ಹೈಕೋರ್ಟಿನ ಕೆಲಸವಲ್ಲ, ಮಾಸ್ತರರೇ

(ಮುಧೋಳದ ನಿವೃತ್ತ ಶಿಕ್ಷಕರೊಬ್ಬರ ಪತ್ರದ ಸಾರ: ಪದವಿ ಪರೀಕ್ಷೆಯ ಒಂದು ವಿಷಯದಲ್ಲಿ ಮಗಳು ಎರಡು ಅಂಕದಿಂದ ಅನುತ್ತೀರ್ಣಳಾದಳು. ಮರುಮೌಲ್ಯಮಾಪನದಲ್ಲೂ ಅಂಕ ಬದಲಾಗಲಿಲ್ಲ. ಹೈಕೋರ್ಟಿನ ಧಾರವಾಡ ಪೀಠಕ್ಕೆ ಸಲ್ಲಿಸಿದ ರಿಟ್ ಅರ್ಜಿ ವಜಾ ಆಯಿತು. “ಉತ್ತರ ಪತ್ರಿಕೆಯನ್ನು ಬಿಡಿಸಿಯೂ ನೋಡದ ನ್ಯಾಯಾಲಯ ಬಡವರಿಗೆ ಯಾತಕ್ಕೆ?”)

ಎರಡು ಅಂಕಕ್ಕೆ ಹೆಣ್ಣುಮಗಳ ಒಂದು ವರ್ಷ ಹೋಗುವುದು ಸಣ್ಣ ಸಂಕಟವಲ್ಲ, ಒಪ್ಪುತ್ತೇನೆ. ಅಷ್ಟು ಹೇಳಿ ಜಗಳಕ್ಕೆ ಬರುತ್ತೇನೆ. ಜೀವಮಾನವಿಡೀ ಪೇಪರ್ ತಿದ್ದಿದವರು ನೀವು. ಊರ ಗೌಡರು ಶಾಲೆಗೆ ಬಂದು “ನಮ್ಮ ಹುಡುಗನಿಗೆ ಇನ್ನೆರಡು ಅಂಕ ಬರಬೇಕಿತ್ತು” ಎಂದಿದ್ದರೆ ಕೆಂಪು ಪೆನ್ನನ್ನು ಅವರ ಕೈಗೆ ಕೊಡುತ್ತಿದ್ದಿರಾ? ನ್ಯಾಯಮೂರ್ತಿಗಳಿಗಾದರೆ ಕೊಡಬಹುದು ಎಂದು ಈಗೇಕೆ ಅನಿಸಿತು?

ಈ ವಿಷಯದಲ್ಲಿ ಇಂದಿಗೂ ವಕೀಲರು ಉಲ್ಲೇಖಿಸುವ ತೀರ್ಪು ಹುಟ್ಟಿದ್ದು ನಮ್ಮ ನಾಡಿನ ವ್ಯಾಜ್ಯದಿಂದಲೇ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಇಂಗ್ಲಿಷ್ ರೀಡರ್ (ಅಧ್ಯಾಪಕ ಹುದ್ದೆ) ಒಬ್ಬರ ನೇಮಕವನ್ನು ಮೈಸೂರು ಹೈಕೋರ್ಟ್ ರದ್ದುಮಾಡಿತ್ತು. 1963ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನೇ ತಳ್ಳಿಹಾಕಿತು. ಆಯ್ಕೆ ಮಾಡಿದ ತಜ್ಞರ ಮೇಲೆ ದುರುದ್ದೇಶದ ಆರೋಪವಿಲ್ಲದಿದ್ದಾಗ, ವಿದ್ವತ್ತಿನ ತೂಕವನ್ನು ಅವರಿಗೇ ಬಿಡುವುದು ಕ್ಷೇಮ ಎಂದಿತು. ಎಂಥ ವಿನಯ! ತನಗೆ ಗೊತ್ತಿಲ್ಲದ್ದು ಇದೆ ಎಂದು ಒಪ್ಪುವ ಅಧಿಕಾರಸ್ಥರು ಈಗ ಎಷ್ಟು ಮಂದಿ ಸಿಗುತ್ತಾರೆ? ನಿಯಮಾವಳಿಯಲ್ಲಿ ಮರುಮೌಲ್ಯಮಾಪನವೇ ಇಲ್ಲದಿದ್ದರೆ ಅದನ್ನು ಹಕ್ಕೆಂದು ಕೇಳುವಂತಿಲ್ಲ ಎಂದು 1984ರಲ್ಲಿ ಮಹಾರಾಷ್ಟ್ರದ ಪ್ರಕರಣದಲ್ಲಿ ತೀರ್ಮಾನವಾಯಿತು. 2009ರಲ್ಲಿ ಬಿಹಾರದ ಪ್ರಕರಣ ಇನ್ನೂ ಮುಂದೆ ಹೋಯಿತು: ಪರೀಕ್ಷಾ ಮಂಡಳಿ ಸೇವೆ ಮಾರುವುದಿಲ್ಲ, ಪರೀಕ್ಷಾರ್ಥಿ ಅದರ ಗ್ರಾಹಕನಲ್ಲ. ಶುಲ್ಕ ಕಟ್ಟಿದ ಮೇಲೆ ಪಾಸು ಮಾಡಲೇಬೇಕು ಎಂದು ವಾದಿಸುವ ಪಾಲಕರ ನಡುವೆ ಈ ಮಾತು ನನಗೆ ಬಹಳ ಹಿಡಿಸುತ್ತದೆ.

ವಿಶ್ವವಿದ್ಯಾಲಯ ತನ್ನದೇ ನಿಯಮ ಮುರಿದರೆ, ವಿದ್ಯಾರ್ಥಿಯ ಮಾತು ಕೇಳದೆ ಡಿಬಾರ್ ಮಾಡಿದರೆ ನ್ಯಾಯಾಲಯ ಖಂಡಿತ ಕೈಹಾಕಬೇಕು, ಹಾಕುತ್ತದೆ ಕೂಡ. ನಿಮ್ಮ ಪತ್ರದಲ್ಲಿ ಅಂಥ ಒಂದೂ ದೂರಿಲ್ಲ.

ಹಿಂದೆ ಬೆಳಗಾವಿ, ಬಾಗಲಕೋಟೆ, ವಿಜಯಪುರದ ಮಕ್ಕಳು ಅಂಕಪಟ್ಟಿಗಾಗಿ ಧಾರವಾಡದ ವಿಶ್ವವಿದ್ಯಾಲಯಕ್ಕೆ ಅಲೆಯುತ್ತಿದ್ದರು. 2010ರಲ್ಲಿ ಬೆಳಗಾವಿಗೇ ರಾಣಿ ಚನ್ನಮ್ಮ ವಿಶ್ವವಿದ್ಯಾಲಯ ಬಂದಿತು, ಅಲೆದಾಟ ತಪ್ಪಿತು ಎಂದುಕೊಂಡೆವು. ಈಗ ವ್ಯಾಜ್ಯ ಹೊತ್ತು ಮತ್ತೆ ಧಾರವಾಡದ ಬಸ್ಸನ್ನೇ ಹತ್ತುತ್ತಿದ್ದೇವೆ! ಗಟಾರದ ಜಗಳಕ್ಕೂ ವಕೀಲರು, ಬಾಂದುಕಲ್ಲಿಗೂ ವಕೀಲರು, ಎರಡು ಅಂಕಕ್ಕೂ ವಕೀಲರು. ವಿದ್ಯಾರ್ಥಿಗಳ ಕುಂದುಕೊರತೆಗೆ ಪ್ರತಿ ವಿಶ್ವವಿದ್ಯಾಲಯದಲ್ಲೂ ಸಮಿತಿ ಇರಬೇಕು, ಅದು 15 ಕೆಲಸದ ದಿನಗಳಲ್ಲಿ ವರದಿ ಕೊಡಬೇಕು, ಮೇಲ್ಮನವಿಗೆ ದೂರು ವಿಚಾರಿಸುವ ಅಧಿಕಾರಿ, ಅಂದರೆ ಓಂಬುಡ್ಸ್‌ಪರ್ಸನ್ ಇರಬೇಕು ಎಂದು ಯುಜಿಸಿ (ವಿಶ್ವವಿದ್ಯಾಲಯ ಅನುದಾನ ಆಯೋಗ) 2023ರಲ್ಲೇ ನಿಯಮ ಮಾಡಿದೆ. ಆ ಸಮಿತಿಯಲ್ಲಿ ಯಾರಿದ್ದಾರೆಂದು ಎಷ್ಟು ಕಾಲೇಜುಗಳ ನೋಟಿಸ್ ಬೋರ್ಡ್ ಹೇಳುತ್ತದೆ? ಘಟಿಕೋತ್ಸವದ ಫ್ಲೆಕ್ಸಿಗೆ ಜಾಗವಿದೆ, ಇದಕ್ಕಿಲ್ಲ. ಕೊಟ್ಟ ಅರ್ಜಿಗೆ ಎರಡು ಸಾಲಿನ ಉತ್ತರ ಬರೆಯುವ ಗುಮಾಸ್ತರಿದ್ದರೆ ಅರ್ಧದಷ್ಟು ರಿಟ್ ಅರ್ಜಿಗಳು ಹುಟ್ಟುತ್ತಲೇ ಇರಲಿಲ್ಲ ಎಂಬುದು ನನ್ನ ಹಳೆಯ ಸಿಟ್ಟು.

ಇನ್ನೊಂದು ಕೆಲಸ ಬಾಕಿ ಇದೆ. ತಾನು ಬರೆದ ಉತ್ತರ ಪತ್ರಿಕೆಯನ್ನು ಮಾಹಿತಿ ಹಕ್ಕಿನಡಿ ನೋಡಲು ಪರೀಕ್ಷಾರ್ಥಿಗೆ ಅವಕಾಶವಿದೆ ಎಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ. ಮಗಳಿಂದ ಅರ್ಜಿ ಹಾಕಿಸಿ, ಪ್ರತಿ ತರಿಸಿ, ಆ ವಿಷಯದ ಅಧ್ಯಾಪಕರಿಗೆ ತೋರಿಸಿ. ಒಂದು ಉತ್ತರವನ್ನು ತಿದ್ದದೆ ಬಿಟ್ಟಿದ್ದರೆ, ಕೂಡಿಸುವಲ್ಲಿ ತಪ್ಪಿದ್ದರೆ, ನನಗೆ ಬರೆಯಿರಿ. ಆ ಪುಟವನ್ನು ಹಾಗೆಯೇ ಅಚ್ಚು ಹಾಕುತ್ತೇನೆ.

— ಸಂಪಾದಕ, ಬೆಳಗಾವಿ